ಹಸಿರು ಗಾಜು, ಉಸ್ತಾದರ ಕಣ್ಣು

ದೀಪಾವಳಿಯ ರಜೆ ಮುಗಿದು ಕಾಲೇಜು ತೆರೆದ ದಿನವೇ ಹುಬ್ಬಳ್ಳಿಯ ರೈಲ್ವೆ ಕಾರ್ಖಾನೆಯಿಂದ ಒಂದು ಮರದ ಪೆಟ್ಟಿಗೆ ಬಂತು. ಮುಚ್ಚಳ ಬಿಚ್ಚಿದರೆ ಒಣಹುಲ್ಲಿನ ನಡುವೆ ಹಳೆಯ ಪತ್ರಿಕೆಗಳಲ್ಲಿ ಸುತ್ತಿದ ಗಾಜಿನ ಬಿಲ್ಲೆಗಳು. ಕೆಂಪು ಮೂರು ಬಗೆ, ಹಸಿರು ಮೂರು ಬಗೆ. ಪ್ರತಿಯೊಂದರ ಅಂಚಿಗೂ ಬಿಳಿ ಬಣ್ಣದಲ್ಲಿ ಒಂದು, ಎರಡು, ಮೂರು ಎಂದು ಗುರುತು ಹಾಕಿದ್ದರು.

ಜೊತೆಗಿದ್ದ ಪತ್ರ ಚಿಕ್ಕದು. ಯುದ್ಧ ಶುರುವಾದಾಗಿನಿಂದ ಸಿಗ್ನಲ್ ದೀಪಗಳಿಗೆ ವಿಲಾಯತಿಯಿಂದ ಬರುತ್ತಿದ್ದ ಬಣ್ಣದ ಗಾಜು ನಿಂತುಹೋಗಿದೆ. ನಮ್ಮ ದೇಶದ್ದೇ ಒಂದು ಗಾಜಿನ ಕಾರ್ಖಾನೆ ಮಾದರಿಗಳನ್ನು ಕಳಿಸಿದೆ. ಸೀಮೆಎಣ್ಣೆ ದೀಪದ ಬೆಳಕಿನಲ್ಲಿ ಎಷ್ಟು ಪಾಲು ಈ ಗಾಜುಗಳನ್ನು ದಾಟಿ ಬರುತ್ತದೆ, ಗಾಜು ಹೆಚ್ಚು ಮಬ್ಬಾಗಿದ್ದರೆ ನೂರರಲ್ಲಿ ಇಪ್ಪತ್ತು ಪಾಲಾದರೂ ದಾಟಲು ಎಷ್ಟು ತೆಳ್ಳಗೆ ಅರೆಯಬೇಕು, ಇದನ್ನು ಒಂದು ತಿಂಗಳೊಳಗೆ ತಿಳಿಸಬೇಕು.

ನಮ್ಮ ವಿಭಾಗದ ಮುಖ್ಯಸ್ಥರಾದ ಪ್ರೊಫೆಸರರು ಪತ್ರವನ್ನು ಎರಡು ಸಲ ಓದಿ ನನ್ನ ಕೈಗೆ ಕೊಟ್ಟರು.

"ಬಾಯೀ, ಇದು ಲೆಕ್ಕದ ಕೆಲಸ ಅಲ್ಲ, ತಾಳ್ಮಿ ಕೆಲಸ. ನೀವ ಮಾಡ್ರಿ. ಆದ್ರ ಒಂದು ಮಾತು. ಒಬ್ಬರ ಕಣ್ಣು ಸಾಕ್ಷಿ ಅಲ್ಲ. ಇಬ್ಬರು ನೋಡಬೇಕು, ಬ್ಯಾರೆ ಬ್ಯಾರೆ ಬರೀಬೇಕು."

ಎರಡನೆಯವರು ಯಾರು ಎಂಬುದೇ ತೊಡಕಾಯಿತು. ಇಡೀ ವಿಭಾಗದಲ್ಲಿ ನಾನೊಬ್ಬಳೇ ಹೆಂಗಸು. ಡೆಮಾನ್ಸ್ಟ್ರೇಟರಾಗಿ ಅದು ಎರಡನೆಯ ವರ್ಷ. ಈ ಕೆಲಸ ನಡೆಯಬೇಕಾದದ್ದು ಬಾಗಿಲು ಮುಚ್ಚಿ ಕರಿಯ ಪರದೆ ಎಳೆದ ಕತ್ತಲೆ ಕೋಣೆಯಲ್ಲಿ. ಉಳಿದ ಡೆಮಾನ್ಸ್ಟ್ರೇಟರುಗಳೆಲ್ಲ ಮದುವೆಯಾಗದ ತರುಣರು. ಅವರಲ್ಲಿ ಯಾರೊಂದಿಗಾದರೂ ಆ ಕೋಣೆಯಲ್ಲಿ ದಿನಾ ಎರಡು ತಾಸು ಕಳೆದರೆ ಧಾರವಾಡದಂಥ ಊರಿನಲ್ಲಿ ಸಂಜೆಯೊಳಗೆ ಸುದ್ದಿ ನಮ್ಮ ಮನೆಗೆ ನನಗಿಂತ ಮೊದಲು ಮುಟ್ಟುತ್ತಿತ್ತು. ಪ್ರೊಫೆಸರರು ಫಲಿತಾಂಶವನ್ನು ಪರೀಕ್ಷಿಸುವವರು. ಅಳೆಯುವವರೂ ತಾವೇ ಆಗಬಾರದು ಎಂದು ಅವರು ಹಿಂದೆ ಸರಿದರು. ಕೊನೆಗೆ ನಾನೇ ಹೇಳಿದೆ, "ಉಸ್ತಾದರು ಇದ್ದಾರಲ್ರಿ ಸರ್."

ಉಸ್ತಾದರು ಎಂದರೆ ನಮ್ಮ ಪ್ರಯೋಗಾಲಯದ ಮೆಕ್ಯಾನಿಕ್. ಹುಬ್ಬಳ್ಳಿ ಕಮರಿಪೇಟೆಯ ಮನೆಯಿಂದ ದಿನಾ ಮುಂಜಾನೆಯ ಗಾಡಿಗೆ ಬಂದು ಸಂಜೆಯ ಗಾಡಿಗೆ ಹೋಗುವವರು. ವಯಸ್ಸು ಐವತ್ತೆಂಟೋ ಅರವತ್ತೋ, ಅವರಿಗೂ ಖಚಿತವಿರಲಿಲ್ಲ. ಒಡೆದ ಉಪಕರಣ ಯಾವುದೇ ಇರಲಿ, ಅವರ ಕೈಗೆ ಹೋಗಿ ಬಂದರೆ ಹೊಸದಕ್ಕಿಂತ ಛಲೋ ಇರುತ್ತಿತ್ತು. ನಾನು ಕೆಲಸಕ್ಕೆ ಸೇರಿದ ಮೊದಲ ವಾರ, ಗಾಜಿನ ಕೊಳವೆ ಮುರಿಯಲು ಹೋಗಿ ಬೆರಳು ಕುಯ್ದುಕೊಂಡಾಗ, ಯಾರಿಗೂ ಹೇಳದೆ ಬಟ್ಟೆ ಸುತ್ತಿ, "ಬಾಯಾರ, ಗಾಜಿಗೆ ಜೋರು ಮಾಡಬಾರದ್ರಿ. ಒಂದು ಗೀರು ಹಾಕಿ ಕೇಳಬೇಕು, ತಾನಾ ಬಿಡತೈತಿ" ಎಂದು ಹೊಸ ಕೊಳವೆ ಕೊಟ್ಟಿದ್ದರು. ನಾನು ಕಲಿತ ಕೈಕೆಲಸವೆಲ್ಲ ಅವರಿಂದಲೇ.

ವಿಷಯ ಹೇಳಿದಾಗ ಅವರಿಗೆ ಖುಷಿಯಾಯಿತು. "ಮೂವತ್ತು ವರ್ಷ ಆತು, ಉಪಕರಣ ಮಾಡಿಕೊಟ್ಟೀನಿ. ನೋಡ್ರಿ ಅಂತ ಯಾರೂ ಅಂದಿರಲಿಲ್ಲ" ಎಂದರು. ಮತ್ತೆ ತಮ್ಮ ಕಣ್ಣಿನ ಬಗ್ಗೆ ಹೆಮ್ಮೆಯಿಂದ, "ಹ್ವಾದ ವರ್ಷದಿಂದ ನನಗ ಚಷ್ಮಾನೂ ಬ್ಯಾಡಾಗೈತ್ರಿ. ಚಷ್ಮಾ ಇಲ್ಲದ ಸೂಜಿಗೆ ದಾರ ಪೋಣಸ್ತೀನಿ!" ಎಂದು ಸೇರಿಸಿದರು. ನಾನು ಬಹಳ ಒಳ್ಳೆಯದಾಯಿತು ಎಂದುಕೊಂಡೆ.

ಕೆಲಸ ಮೇಲ್ನೋಟಕ್ಕೆ ಸರಳ. ಎರಡು ಮೀಟರ್ ಉದ್ದದ ಮರದ ಪಟ್ಟಿ, ಅದರ ಮೇಲೆ ಅಳತೆಯ ಗೆರೆಗಳು. ಎರಡು ತುದಿಗೂ ಒಂದೊಂದು ಕಂದೀಲು. ನಡುವೆ ಹಿಂದೆ ಮುಂದೆ ಸರಿಯುವ ಚೌಕಟ್ಟಿನಲ್ಲಿ ಒಂದು ಬಿಳಿಯ ಕಾಗದ. ಕಾಗದದ ನಡುವೆ ಮೇಣ ಸವರಿದ ಒಂದು ದುಂಡು ಚುಕ್ಕೆ. ಒಂದು ಕಡೆಯ ಬೆಳಕು ಹೆಚ್ಚಿದ್ದರೆ ಚುಕ್ಕೆ ಎದ್ದು ಕಾಣುತ್ತದೆ. ಎರಡೂ ಕಡೆಯ ಬೆಳಕು ಸಮನಾದ ಜಾಗದಲ್ಲಿ ಅದು ಕಾಗದದಲ್ಲಿ ಕರಗಿ ಕಾಣದಂತಾಗುತ್ತದೆ. ಗಾಜಿಲ್ಲದಾಗ ಆ ಜಾಗ ಸರಿಯಾಗಿ ನಡುಮಧ್ಯ. ಒಂದು ಕಂದೀಲಿನ ಮುಂದೆ ಗಾಜಿಟ್ಟರೆ ಆ ಬೆಳಕು ಕುಗ್ಗುತ್ತದೆ. ಚುಕ್ಕೆ ಮಾಯವಾಗಬೇಕಾದರೆ ಕಾಗದವನ್ನು ಆ ಕಂದೀಲಿನತ್ತ ಸರಿಸಬೇಕು. ಎಷ್ಟು ಸರಿಸಿದೆವು ಎಂಬುದರಿಂದ ಗಾಜು ಎಷ್ಟು ಬೆಳಕನ್ನು ನುಂಗಿತು ಎಂದು ಲೆಕ್ಕ ಹಾಕಬಹುದು.

ಮಾಡಲು ಕುಳಿತರೆ ಸರಳವಿರಲಿಲ್ಲ. ಕಂದೀಲು ಹಚ್ಚಿದ ಮೇಲೆ ಉರಿ ಒಂದು ಮಟ್ಟಕ್ಕೆ ನಿಲ್ಲಲು ಅರ್ಧ ತಾಸು ಬೇಕು. ಬತ್ತಿಯ ಮೂಲೆ ಕೂದಲೆಳೆಯಷ್ಟು ಎದ್ದಿದ್ದರೂ ಮಸಿ ಹಿಡಿಯುತ್ತದೆ. ಉಸ್ತಾದರು ಬತ್ತಿ ಕತ್ತರಿಸಲೆಂದೇ ಹಳೆಯ ಕ್ಷೌರದ ಕತ್ತಿಯೊಂದನ್ನು ಮಸೆದಿಟ್ಟುಕೊಂಡಿದ್ದರು. ಎರಡು ಕಂದೀಲುಗಳ ಕಾವಿಗೆ ಮುಚ್ಚಿದ ಕೋಣೆ ಬೇಯುತ್ತಿತ್ತು. ನನ್ನ ಸೀರೆಯ ಸೆರಗಿಗೆ ಸೀಮೆಎಣ್ಣೆಯ ವಾಸನೆ ಹತ್ತಿ ಹೋಗುತ್ತಲೇ ಇರಲಿಲ್ಲ. ಒಬ್ಬರು ನೋಡುವಾಗ ಇನ್ನೊಬ್ಬರು ಮೋರೆ ತಿರುಗಿಸಿ ಕೂಡಬೇಕು. ಅಳತೆ ಓದಿ ತಮ್ಮ ತಮ್ಮ ವಹಿಯಲ್ಲಿ ಬರೆಯಬೇಕು. ಹತ್ತು ಸಲ ನೋಡಿ ಮುಗಿದ ಮೇಲೆ ಮಾತ್ರ ಎರಡೂ ವಹಿ ಪಕ್ಕಪಕ್ಕ ಇಡಬೇಕು.

ಮೊದಲ ವಾರ ಕೆಂಪು ಗಾಜು. ಇಬ್ಬರ ಅಂಕಿಗಳೂ ಅಣ್ಣತಮ್ಮಂದಿರ ಹಾಗೆ ಹೊಂದಿಕೊಂಡವು. ಉಸ್ತಾದರು ಗಡ್ಡ ನೀವಿಕೊಂಡು, "ನೋಡ್ರಿ ಬಾಯಾರ, ನನ್ನ ಕಣ್ಣೂ ಎಂ.ಎಸ್ಸಿ. ಆತು" ಎಂದರು.

ಎರಡನೆಯ ವಾರ ಹಸಿರು ಹಿಡಿದೆವು. ಎರಡನೆಯ ನಂಬರಿನ ಹಸಿರು ಗಾಜಿಗೆ ನನ್ನ ಚುಕ್ಕೆ ಕರಗಿದ್ದು ಗಾಜಿಟ್ಟ ಕಂದೀಲಿನಿಂದ ಅರವತ್ತು ಸೆಂಟಿಮೀಟರಿನಲ್ಲಿ. ಉಸ್ತಾದರದ್ದು ಐವತ್ತಾರರಲ್ಲಿ. ಲೆಕ್ಕ ಹಾಕಿದರೆ, ನನ್ನ ಪ್ರಕಾರ ಆ ಗಾಜು ನೂರರಲ್ಲಿ ಹದಿನೆಂಟು ಪಾಲು ಬೆಳಕನ್ನು ಬಿಡುತ್ತದೆ. ಅವರ ಪ್ರಕಾರ ಹದಿನೈದು. ಒಂದು ದಿನದ್ದಾಗಿದ್ದರೆ ದಣಿವು ಎನ್ನಬಹುದಿತ್ತು. ಮರುದಿನವೂ ಅದೇ ಆಯಿತು. ಮೂರನೆಯ ದಿನ ಒಂದನೆಯ ನಂಬರಿನ ಹಸಿರಿಗೂ ಅದೇ ಜಗಳ, ಮೂರನೆಯದಕ್ಕೂ ಅದೇ.

ನಾವು ಒಂದೊಂದನ್ನೇ ಅನುಮಾನಿಸುತ್ತ ಹೋದೆವು. ಗಾಜಿಗೆ ಬೆರಳಿನ ಗುರುತು ಹತ್ತಿದೆಯೇ? ಸ್ಪಿರಿಟ್ ಹಾಕಿ ಒರೆಸಿದೆವು. ಕಂದೀಲುಗಳನ್ನು ಅದಲುಬದಲು ಮಾಡಿದೆವು. ಕಾಗದವನ್ನು ತಿರುವಿ ಹಾಕಿದೆವು, ಹೊಸ ಕಾಗದಕ್ಕೆ ಹೊಸ ಚುಕ್ಕೆ ಹಾಕಿದೆವು. ನಾನು ಕುಳ್ಳಗೆ, ಅವರು ಎತ್ತರ. ಅದಕ್ಕೇ ಇರಬಹುದೆಂದು ಸ್ಟೂಲಿನ ಕೆಳಗೆ ಹಲಗೆ ಇಟ್ಟು ಇಬ್ಬರ ಕಣ್ಣನ್ನೂ ಒಂದೇ ಮಟ್ಟಕ್ಕೆ ತಂದೆವು. ಅವರು ಮೊದಲು ನೋಡಿ ನಾನು ಆಮೇಲೆ ನೋಡಿದೆ. ಏನು ಮಾಡಿದರೂ ನಾಲ್ಕು ಸೆಂಟಿಮೀಟರ್ ನಾಲ್ಕೇ ಆಗಿ ಉಳಿಯಿತು.

"ಬಾಯಾರ, ನೀವು ದಣದೀರಿ" ಎಂದು ಅವರೆಂದರು. ನಾನು ಒಪ್ಪಿದೆ, ಏಕೆಂದರೆ ನಿಜವಾಗಿ ದಣಿದಿದ್ದೆ. ನನ್ನ ಕಣ್ಣೇ ತಪ್ಪಿರಬೇಕು ಎಂದು ಎರಡು ದಿನ ನಂಬಿದ್ದೆ ಕೂಡ. ಮೂವತ್ತು ವರ್ಷದ ಕೈಯ ಎದುರಿಗೆ ಎರಡು ವರ್ಷದ ಕಣ್ಣಿಗೆ ಏನು ಬೆಲೆ?

ಅಷ್ಟರಲ್ಲಿ ರೈಲ್ವೆಯವರ ನೆನಪಿನ ಪತ್ರ ಬಂತು. ಪ್ರೊಫೆಸರರು ಎರಡೂ ವಹಿ ತಿರುವಿ ನೋಡಿ, "ಎರಡೂ ಕೂಡಿಸಿ ಅರ್ಧ ಮಾಡ್ರಿ. ಹದಿನಾರೂವರಿ ಅಂತ ಬರದು ಕಳಸ್ರಿ. ಎಷ್ಟು ದಿನಾ ಅಂತ ಹಿಡಕೊಂಡು ಕೂಡೋದು?" ಎಂದರು.

ಹೂಂ ಎಂದು ಬಂದೆ. ಆದರೆ ಬರೆಯಲು ಕುಳಿತಾಗ ಕೈ ಓಡಲಿಲ್ಲ. ಹದಿನಾರೂವರೆ ಎಂಬ ಅಂಕಿಯನ್ನು ನಮ್ಮಿಬ್ಬರಲ್ಲಿ ಯಾರೂ ನೋಡಿರಲಿಲ್ಲ. ನಾನು ಕಂಡದ್ದು ಹದಿನೆಂಟು, ಉಸ್ತಾದರು ಕಂಡದ್ದು ಹದಿನೈದು. ಇಬ್ಬರೂ ಕಾಣದ್ದನ್ನು ನಡುವೆ ಹುಟ್ಟಿಸಿ, ಅದರ ಕೆಳಗೆ ಇಬ್ಬರ ಹೆಸರು ಬರೆಯುವುದು ಸರಿ ಎನಿಸಲಿಲ್ಲ. ಇನ್ನೊಂದು ವಿಷಯವೂ ಕಾಡುತ್ತಿತ್ತು. ಕೆಂಪಿಗೆ ಒಪ್ಪುವ ನಾವು ಹಸಿರಿಗೆ ಮಾತ್ರ ಏಕೆ ಒಪ್ಪುತ್ತಿಲ್ಲ?

ಆ ಕ್ಷಣಕ್ಕೆ ಹೊಳೆದದ್ದು ಚಿಕ್ಕ ಉಪಾಯ. ನಾವು ಇಷ್ಟು ದಿನ ಹೋಲಿಸುತ್ತಿದ್ದದ್ದು ಹಸಿರು ಬೆಳಕನ್ನು ಕಂದೀಲಿನ ಹಳದಿ ಬೆಳಕಿನೊಂದಿಗೆ. ಎರಡೂ ಕಡೆ ಹಸಿರೇ ಇದ್ದರೆ? ಮರುದಿನ ಒಂದೇ ಬಿಲ್ಲೆಯಿಂದ ಉಸ್ತಾದರು ಕತ್ತರಿಸಿಕೊಟ್ಟ ಎರಡು ತುಂಡುಗಳನ್ನು ಎರಡು ಕಂದೀಲುಗಳ ಮುಂದೂ ಇಟ್ಟೆ. ಚುಕ್ಕೆ ನಡುಮಧ್ಯದಲ್ಲಿ ಕರಗಿತು, ಇಬ್ಬರಿಗೂ. ಆಮೇಲೆ ಒಂದು ಕಡೆ ಮಾತ್ರ ಇನ್ನೊಂದು ಹಸಿರು ತುಂಡು ಸೇರಿಸಿದೆ. ಹತ್ತು ಸಲ ನಾನು ನೋಡಿದೆ, ಹತ್ತು ಸಲ ಅವರು ನೋಡಿದರು. ವಹಿ ತೆರೆದರೆ ಅರ್ಧ ಸೆಂಟಿಮೀಟರಿನ ವ್ಯತ್ಯಾಸವೂ ಇರಲಿಲ್ಲ.

ಉಸ್ತಾದರು ಖುಷಿಯಿಂದ ನಕ್ಕರು. ನನಗೆ ನಗು ಬರಲಿಲ್ಲ. ಗಾಜಿನ ತಪ್ಪಲ್ಲ, ದೀಪದ ತಪ್ಪಲ್ಲ, ಚುಕ್ಕೆಯ ತಪ್ಪೂ ಅಲ್ಲ. ಹಳದಿ ಮತ್ತು ಹಸಿರನ್ನು ತೂಗುವಾಗ ಮಾತ್ರ ನಮ್ಮಿಬ್ಬರಲ್ಲಿ ಒಬ್ಬರ ತಕ್ಕಡಿ ವಾಲುತ್ತಿತ್ತು. ಅದು ಯಾರದು ಎಂದು ತಿಳಿಯಲು ಮೂರನೆಯ ಕಣ್ಣು ಬೇಕು.

ಶುಕ್ರವಾರ ಮಧ್ಯಾಹ್ನ ಉಸ್ತಾದರು ನಮಾಜಿಗೆ ಹೋಗುತ್ತಿದ್ದರು. ಆ ಹೊತ್ತಿಗೆ ಸರಿಯಾಗಿ ಅವ್ವನನ್ನು ಕಾಲೇಜಿಗೆ ಕರೆತಂದೆ. ಸೀರೆ ಅಂಗಡಿಯಲ್ಲಿ ಒಂದೇ ಹಸಿರು ಎಂದು ಅಂಗಡಿಯವರು ಆಣೆ ಮಾಡಿದ ಎರಡು ಖಣಗಳನ್ನು ಬಾಗಿಲಿಗೆ ತಂದು ಹಿಡಿದು, "ಇದು ಗಿಣಿ ಹಸರು, ಇದು ಎಲಿ ಹಸರು" ಎಂದು ಬೇರೆ ಮಾಡುವವಳು ಅವಳು. ಕತ್ತಲೆ ಕೋಣೆಯ ಬಾಗಿಲಲ್ಲಿ ನಿಂತು ಮೂಗು ಮುರಿದಳು.

"ಅಯ್ಯ, ಇದೇನವ್ವ ಎಣ್ಣಿ ಗಾಣದಂಗ ನಾರ್ತದ! ದಿನಾ ಇಲ್ಲೇ ಕೂಡ್ತೀಯೇನು?"

"ಸುಮ್ಮ ಕೂಡು. ಈ ಕಾಗದ ಸರಸ್ಕೋತ ಹೋಗು. ಆ ಚುಕ್ಕಿ ಕಾಣದಂಗ ಆದ ಕೂಡಲೆ ನಿಲ್ಲಸು."

ಒಂದು ಕಂದೀಲಿನ ಮುಂದೆ ಎರಡನೆಯ ನಂಬರಿನ ಹಸಿರು ಗಾಜಿಟ್ಟೆ. ಅವಳು ಸೆರಗು ಸಿಕ್ಕಿಸಿಕೊಂಡು, ಜೋಳ ಹಸನು ಮಾಡುವಷ್ಟೇ ಗಂಭೀರವಾಗಿ ಕುಳಿತಳು. "ಹ್ವಾತು ನೋಡು ಚುಕ್ಕಿ" ಎಂದಳು. ಅರವತ್ತೂಕಾಲು. ಮತ್ತೆ ಮಾಡಿಸಿದೆ. ಐವತ್ತೊಂಬತ್ತೂಮುಕ್ಕಾಲು. ಹತ್ತು ಸಲ ಆಯಿತು. ಒಮ್ಮೆಯೂ ಅವಳು ಐವತ್ತೆಂಟಕ್ಕಿಂತ ಕೆಳಗೆ ಹೋಗಲಿಲ್ಲ.

ನನ್ನ ಕಣ್ಣು ಸರಿಯಿತ್ತು. ಅದು ತಿಳಿದ ಕ್ಷಣ ನನಗೆ ಆದದ್ದು ಸಂತೋಷವಲ್ಲ. ಉಸ್ತಾದರು ಇಲ್ಲದ ಹೊತ್ತು ನೋಡಿ ಅವರ ಮನೆಯೊಳಗೆ ಹೊಕ್ಕು ಬಂದ ಹಾಗಾಯಿತು. ಅವ್ವ ನನ್ನ ಮೋರೆ ನೋಡಿ, "ಯಾಕ, ನಾ ತಪ್ಪ ಹೇಳಿದ್ನೇನು?" ಎಂದಳು. "ಇಲ್ಲವ್ವ, ಬರೋಬ್ಬರಿ ಹೇಳಿದಿ" ಎಂದೆ.

ಉಸ್ತಾದರಿಗೆ ಹೇಗೆ ಹೇಳಲಿ ಎಂದು ಶನಿವಾರ, ಭಾನುವಾರ ಯೋಚಿಸಿದೆ. ಹೇಳುವ ಪ್ರಸಂಗವೇ ಬರಲಿಲ್ಲ. ಸೋಮವಾರ ನಾನು ತರಗತಿ ಮುಗಿಸಿ ಬರುವಷ್ಟರಲ್ಲಿ ಅವರು ನನ್ನ ವಹಿ ತೆರೆದು, ಬೆರಳಿಟ್ಟು ಓದುತ್ತ ಕೂತಿದ್ದರು. ನನ್ನ ಅಂಕಿ, ಅವರ ಅಂಕಿ ಒಟ್ಟಿಗೆ ನಕಲು ಮಾಡಿದ್ದ ಪುಟದಲ್ಲಿ ಮೂರನೆಯ ಸಾಲಿನ ತಲೆಗೆ ನಾನು 'ಅವ್ವ' ಎಂದು ಬರೆದಿದ್ದೆ.

"ಅವ್ವಾರು ಬಂದಿದ್ರೇನ್ರಿ?"

"ಹೌದ್ರಿ ಉಸ್ತಾದ್."

ಅವರು ವಹಿ ಮುಚ್ಚಿಟ್ಟರು. ಆಮೇಲೆ ಮರದ ಪಟ್ಟಿಯ ಹತ್ತಿರ ಹೋಗಿ, ಎಡಗಡೆಯ ಕಂದೀಲು, ಗಾಜು, ಕಾಗದ, ಬಲಗಡೆಯ ಕಂದೀಲು ಎಂದು ಒಂದೊಂದನ್ನೇ ಮುಟ್ಟುತ್ತ ಬಂದರು.

"ಎರಡೂ ಕಡೆ ಹಸರು ಇಟ್ರ ಜಗಳ ಇಲ್ಲ. ಒಂದು ಕಡೆ ಇಟ್ರ ಜಗಳ. ಅಂದ್ರ ಈ ಪಟ್ಟಿ ಮ್ಯಾಲೆ ಇಲ್ಲದ ಇನ್ನೊಂದು ಗಾಜು ಎಲ್ಲೋ ಐತ್ರಿ, ಬಾಯಾರ. ಹಸರು ಬೆಳಕು ತಿನ್ನೋ ಗಾಜು." ಬೆರಳೆತ್ತಿ ತಮ್ಮ ಕಣ್ಣಿನ ಹತ್ತಿರ ಹಿಡಿದರು. "ಇಲ್ಲಿ ಐತಿ."

ನಾನು ಏನಾದರೂ ಹೇಳುವ ಮೊದಲೇ ಅವರಿಗೆ ಇನ್ನೇನೋ ನೆನಪಾಯಿತು. ಅಂಗಿಯ ತೋಳನ್ನು ಕಣ್ಣಿಗೆ ಹತ್ತಿರ ತಂದುಕೊಂಡು ನೋಡಿದರು.

"ಖರೇ ಹೇಳ್ರಿ. ಈ ಅಂಗಿ ಯಾವ ಬಣ್ಣ?"

"ಬಿಳೇದ್ರಿ."

"ಛಲೋ ಬಿಳೇದ?"

"ಹಾಲಿನಂಗ ಬಿಳೇದ್ರಿ ಉಸ್ತಾದ್."

ಅವರು ಸ್ಟೂಲಿನ ಮೇಲೆ ಕುಳಿತರು. "ಒಂದು ವರ್ಷ ಆತು, ಮನ್ಯಾಗ ದಿನಾ ಬೈಯಾಕತ್ತೇನ್ರಿ ಆಕಿನ್ನ. ಅರಬಿ ಚಹಾದಾಗ ಅದ್ದಿದಂಗ ಕಾಣ್ತಾವ, ಯಾಕ ತಿಕ್ಕಿ ಒಗಿಯಂಗಿಲ್ಲ ಅಂತ. ಯುದ್ಧ ಬಂದಮ್ಯಾಲೆ ಸಾಬೂನು ಕೆಟ್ಟೈತಿ ಅಂತ ತಿಳದಿದ್ದೆ. ಆಕಿ ಪಾಪ, ಎರಡೆರಡು ಸಲ ಒಗೀತಾಳ."

ನನಗೆ ನಗುವೂ ಅಳುವೂ ಒಟ್ಟಿಗೇ ಬಂದವು. ಅವರಿಗೂ ಹಾಗೇ ಆಗಿರಬೇಕು. ಇಬ್ಬರೂ ಸ್ವಲ್ಪ ಹೊತ್ತು ನಕ್ಕೆವು. ನಗು ನಿಂತ ಮೇಲೆ ಅವರು ದನಿ ತಗ್ಗಿಸಿ ಹೇಳಿದರು, "ಬಾಯಾರ, ನನ್ನ ಅಂಕಿ ಎಲ್ಲಾ ಹೊಡದ ಹಾಕ್ರಿ. ಅವ್ವಾರದು ಬರೀರಿ. ಮೆಕ್ಯಾನಿಕ್‌ಗೆ ಕಣ್ಣ ಇಲ್ಲ ಅಂತ ಗೊತ್ತಾದ್ರ ಮನಿಗೆ ಕಳಸ್ತಾರ. ನನ್ನ ಕೈಗೆ ಈ ಕೆಲಸ ಬಿಟ್ಟು ಮತ್ತೊಂದು ಬರಂಗಿಲ್ಲ."

ಹಾಗೆ ಮಾಡುವುದು ಬಹಳ ಸುಲಭವಿತ್ತು. ಅವರಿಗೂ ಬೇಕಾಗಿತ್ತು, ನನಗೂ ಹಗುರ. ಅವ್ವನ ಅಂಕಿ ನನ್ನ ಅಂಕಿಗೆ ಎಷ್ಟು ಚೆನ್ನಾಗಿ ಹೊಂದುತ್ತಿತ್ತೆಂದರೆ ಯಾರೂ ಒಂದು ಪ್ರಶ್ನೆಯನ್ನೂ ಕೇಳುತ್ತಿರಲಿಲ್ಲ. ಪೆನ್ಸಿಲ್ ಹಿಡಿದುಕೊಂಡು ಅವರ ಸಾಲನ್ನೇ ನೋಡುತ್ತ ಕುಳಿತೆ. ಐವತ್ತಾರು, ಐವತ್ತಾರೂಕಾಲು, ಐವತ್ತೈದೂಮುಕ್ಕಾಲು. ಎಷ್ಟು ಶಿಸ್ತಿನ ಸಾಲು ಅದು! ಅವರು ಒಂದು ಸಲವೂ ತಪ್ಪು ಓದಿರಲಿಲ್ಲ. ತಮ್ಮ ಕಣ್ಣಿಗೆ ಮುಟ್ಟಿದ ಬೆಳಕನ್ನು ಇದ್ದದ್ದು ಇದ್ದ ಹಾಗೆ ಬರೆದಿದ್ದರು. ಆಗ ಅನಿಸಿತು: ಈ ಗಾಜು ಹೋಗಿ ಕೂಡುವುದು ಸಿಗ್ನಲ್ಲಿನಲ್ಲಿ. ಅದನ್ನು ನೋಡುವವರು ನನ್ನ ವಯಸ್ಸಿನವರೇ ಆಗಿರಬೇಕೆಂದು ಎಲ್ಲಿದೆ?

ಎರಡೂ ವಹಿ ತೆಗೆದುಕೊಂಡು ಪ್ರೊಫೆಸರರ ಕೋಣೆಗೆ ಹೋದೆ. ಉಸ್ತಾದರು ಬೇಡವೆಂದರು, ನೀವೂ ಬರ್ರಿ ಎಂದು ಕರೆದುಕೊಂಡೇ ಹೋದೆ. ನಡೆದದ್ದನ್ನೆಲ್ಲ ಹೇಳಿ, ವರದಿಯಲ್ಲಿ ಎರಡು ಸಾಲೂ ಇರಲಿ, ತರುಣ ಕಣ್ಣಿನದೊಂದು, ಹಿರಿಯ ಕಣ್ಣಿನದೊಂದು ಎಂದೆ.

ಪ್ರೊಫೆಸರರು ಹುಬ್ಬು ಗಂಟಿಕ್ಕಿದರು. "ರೈಲ್ವೆಯವರು ನಗ್ತಾರ. ಕೇಳಿದ್ದು ಗಾಜಿನ ಲೆಕ್ಕ, ಕಣ್ಣಿಂದಲ್ಲ."

"ಎಂಜಿನ್ ಹೊಡಿಯೋರಿಗೆ ವಯಸ್ಸಾಗಂಗಿಲ್ಲೇನ್ರಿ ಸರ್? ಇವರಿಗೇ ಒಂದು ವರ್ಷ ತಿಳೀಲಿಲ್ಲ. ಅವರಿಗೆ ಯಾರು ಹೇಳ್ತಾರ?"

ಅವರು ಎರಡು ಸಾಲುಗಳನ್ನು ಮೇಲಿನಿಂದ ಕೆಳಗೆ ಮತ್ತೊಮ್ಮೆ ಓದಿದರು. ಕೊನೆಗೆ ವಹಿ ಮುಚ್ಚಿ, "ಬರೀರಿ. ಸರಾಸರಿ ಮಾಡ್ರಿ ಅಂದಿದ್ದು ನನ್ನ ತಪ್ಪು" ಎಂದರು. ಉಸ್ತಾದರ ಕಡೆ ತಿರುಗಿ, "ಮೋತಿಬಿಂದು ಇರಬೇಕು ಉಸ್ತಾದ್. ನಮ್ಮ ತಂದಿಯವರಿಗೂ ಆಗಿತ್ತು. ಪ್ರಿನ್ಸಿಪಾಲರ ಜೋಡಿ ನಾ ಮಾತಾಡ್ತೀನಿ. ರಜಾ ತಗೊಂಡು ಡಾಕ್ಟರಿಗೆ ತೋರಸ್ರಿ. ನಿಮ್ಮ ಜಾಗಾದಾಗ ಯಾರೂ ಬರಂಗಿಲ್ಲ" ಎಂದರು. ಉಸ್ತಾದರು ತಲೆ ತಗ್ಗಿಸಿ ನಿಂತಿದ್ದರು.

ರಜೆಗೆ ಹೋಗುವ ಮೊದಲು ಅವರು ಒಂದು ಕೆಲಸ ಮುಗಿಸಿದರು. ಎರಡನೆಯ ನಂಬರಿನ ಹಸಿರು ಬಿಲ್ಲೆಯನ್ನು ಕಬ್ಬಿಣದ ಹಲಗೆಯ ಮೇಲೆ ಕುರುಂದದ ಪುಡಿ, ನೀರು ಹಾಕಿ ಅರೆಯತೊಡಗಿದರು. ಸ್ವಲ್ಪ ಅರೆಯುವುದು, ತೊಳೆಯುವುದು, ಮೆರುಗು ಕೊಡುವುದು, ದೀಪದ ಮುಂದಿಡುವುದು. ಬಹಳ ತೆಳುವಾದರೆ ಹಸಿರು ಪೇಲವವಾಗಿ ಬರಿಯ ಕಂದೀಲಿನ ಹಾಗೆ ಕಾಣುವ ಅಪಾಯವಿತ್ತು. ಅರ್ಧ ಮಿಲಿಮೀಟರ್ ಕಳೆದಾಗ ಅವರ ಕಣ್ಣಿಗೂ ಗಾಜು ನೂರರಲ್ಲಿ ಇಪ್ಪತ್ತು ಪಾಲು ಬಿಟ್ಟಿತು, ಬಣ್ಣವೂ ಹಸಿರಾಗೇ ಉಳಿಯಿತು. ಅಲ್ಲಿಗೆ ನಿಲ್ಲಿಸಿದೆವು. ವರದಿ ಹೋದದ್ದು ಹೇಳಿದ ಅವಧಿಗಿಂತ ಒಂಬತ್ತು ದಿನ ತಡವಾಗಿ. ರೈಲ್ವೆಯವರು ನಗಲಿಲ್ಲ. ಎರಡನೆಯ ನಂಬರಿನ ಗಾಜನ್ನು ಹಿರಿಯ ಕಣ್ಣಿನ ದಪ್ಪಕ್ಕೇ ಮಾಡಿಸುತ್ತೇವೆ ಎಂದು ನಾಲ್ಕು ಸಾಲು ಬರೆದರು.

ಹುಬ್ಬಳ್ಳಿಯ ಕಣ್ಣಿನ ಡಾಕ್ಟರರು ನೋಡಿ ಮೋತಿಬಿಂದುವೇ, ಅಂದರೆ ಕಣ್ಣಿನ ಪೊರೆಯೇ ಎಂದು ಹೇಳಿದರು. ಕಣ್ಣಿನೊಳಗಿನ ಮಸೂರ ಕಂದು ಹಿಡಿದು ಗಟ್ಟಿಯಾಗಿದೆ. ಅದು ಉಬ್ಬುವಾಗ ಹತ್ತಿರದ್ದು ಕೆಲಕಾಲ ಚಷ್ಮಾ ಇಲ್ಲದೆಯೂ ಕಾಣುತ್ತದೆ, ಅದಕ್ಕೇ ಸೂಜಿಗೆ ದಾರ ಪೋಣಿಸಲು ಬಂದದ್ದು. ಬಲಗಣ್ಣಿನ ಪೊರೆ ಬಲಿತಿದೆ, ಮಸೂರವನ್ನೇ ತೆಗೆಯೋಣ. ಎಡಗಣ್ಣು ಇನ್ನೊಂದು ವರ್ಷ ಕಾಯಲಿ ಎಂದರು.

ಶಿವರಾತ್ರಿಯ ಹೊತ್ತಿಗೆ ಶಸ್ತ್ರಕ್ರಿಯೆ ಆಯಿತು. ಅವ್ವನೂ ನಾನೂ ನೋಡಲು ಹೋದೆವು. ತಲೆ ಅಲುಗಾಡದಂತೆ ಎರಡೂ ಕಡೆ ಮರಳಿನ ಚೀಲ ಇಟ್ಟು, ಎರಡೂ ಕಣ್ಣಿಗೆ ಪಟ್ಟಿ ಕಟ್ಟಿ ಮಲಗಿಸಿದ್ದರು. ಅವರ ಹೆಂಡತಿ ಪಕ್ಕದಲ್ಲಿ ಕುಳಿತು ಚಮಚೆಯಿಂದ ಗಂಜಿ ಕುಡಿಸುತ್ತಿದ್ದರು. ಅವ್ವ ಅವರ ಕೈ ಹಿಡಿದು, "ನಿಮ್ಮ ಅರಬಿ ಬಿಳೇ ಇದ್ದೂವಂತರಿ. ನಮ್ಮ ಹುಡಿಗಿ ನೋಡ್ಯಾಳ" ಎಂದಳು. ಆ ತಾಯಿ ನಕ್ಕು, "ಅವರಿಗೇ ಹೇಳ್ರಿ ಅಕ್ಕಾರ, ನನ್ನ ಮಾತು ಕೇಳಂಗಿಲ್ಲ" ಎಂದರು. ಉಸ್ತಾದರು ಅಲುಗಾಡದೆ, ಪಟ್ಟಿಯ ಕೆಳಗಿನಿಂದಲೇ, "ಕೇಳಿದೆ, ಕೇಳಿದೆ" ಎಂದರು.

ಮಳೆಗಾಲದ ಮೊದಲು ಅವರು ಕೆಲಸಕ್ಕೆ ಮರಳಿದರು. ಮೂಗಿನ ಮೇಲೆ ದಪ್ಪ ಗಾಜಿನ ಚಷ್ಮಾ. ಬಂದವರೇ ಬಾಗಿಲಲ್ಲಿ ನಿಂತು ಪ್ರಯೋಗಾಲಯದ ಬಿಳಿ ಗೋಡೆಗಳನ್ನು ಮೂಲೆಯಿಂದ ಮೂಲೆಗೆ ನೋಡಿದರು. ಒಂದು ಕಣ್ಣು ಮುಚ್ಚಿದರು, ತೆರೆದರು, ಇನ್ನೊಂದು ಮುಚ್ಚಿದರು.

"ಬಾಯಾರ, ಎಡಗಣ್ಣಿಗೆ ಗ್ವಾಡಿ ಚಹಾದಂಗ ಐತಿ. ಬಲಗಣ್ಣಿಗೆ ನೀಲಿ ಹಾಕಿ ಒಗದಂಗ ಐತಿ. ಯಾವುದು ಖರೇರಿ?"

ನನಗೆ ಕುತೂಹಲವಾಯಿತು. ಮರದ ಪಟ್ಟಿ, ಕಂದೀಲು ಮತ್ತೆ ಹೊರಗೆ ಬಂದವು. ಹಸಿರು ಗಾಜಿಗೆ ಅವರ ಬಲಗಣ್ಣಿನ ಅಂಕಿ ನನ್ನ ಅಂಕಿಯ ಹತ್ತಿರಕ್ಕೇ ಬಂದು ನಿಂತಿತು. ಮೊದಲಿನ ನಾಲ್ಕು ಸೆಂಟಿಮೀಟರಿನ ಜಗಳ ಮುಗಿದಿತ್ತು. ಆದರೆ ಕಡುನೀಲಿ ಗಾಜೊಂದನ್ನು ಇಟ್ಟು ನೋಡಿದಾಗ ಹೊಸ ಜಗಳ ಶುರುವಾಯಿತು. ಈ ಸಲ ಅವರ ಅಂಕಿ ನನ್ನದಕ್ಕಿಂತ ಹೆಚ್ಚು. ನನಗೆ ಮುಟ್ಟದ ಯಾವುದೋ ಬೆಳಕು ಅವರಿಗೆ ಮುಟ್ಟುತ್ತಿತ್ತು.

ಅದು ಯಾವುದೆಂದು ನೋಡಲು ಸೀಮೆಎಣ್ಣೆಯ ದೀಪ ಸಾಲದು. ಬಿಸಿಲು ಬೇಕು. ಧಾರವಾಡದ ಮಳೆ ಮುಗಿಯುವವರೆಗೆ ಕಾದೆವು. ದಸರೆಯ ಮುಂಚಿನ ಒಂದು ತಿಳಿ ಮುಂಜಾನೆ, ಕಿಟಕಿಯ ಹೊರಗೆ ಕನ್ನಡಿ ಕಟ್ಟಿ, ಬಿಸಿಲನ್ನು ಕತ್ತಲೆ ಕೋಣೆಯ ಸಣ್ಣ ಸೀಳಿನೊಳಗೆ ತಂದು, ಪಟ್ಟಕದ ಮೂಲಕ ಹಾಯಿಸಿ, ಗುರಿ ಹಿಡಿಯಲು ಒಳಗೆ ಸಣ್ಣ ಎಳೆ ಕಟ್ಟಿದ ದುರ್ಬೀನಿನಲ್ಲಿ ನೋಡಿದೆ. ಕೆಂಪಿನಿಂದ ನೇರಳೆಯವರೆಗೆ ಹಾಸಿದ ಬಣ್ಣದ ಪಟ್ಟೆ, ಅದರಲ್ಲಿ ಅಲ್ಲಲ್ಲಿ ಸೂರ್ಯನ ಬೆಳಕಿನಲ್ಲೇ ಇರುವ ಕಪ್ಪು ಗೆರೆಗಳು. ನೇರಳೆಯ ತುದಿಯಲ್ಲಿ ಎರಡು ದಪ್ಪ ಗೆರೆ. ಅದರಾಚೆ ಸ್ವಲ್ಪ ಮಸುಕು, ಆಮೇಲೆ ಕತ್ತಲೆ. ನನ್ನ ಪಾಲಿಗೆ ಜಗತ್ತಿನ ಬೆಳಕು ಅಲ್ಲಿಗೆ ಮುಗಿಯುತ್ತಿತ್ತು.

"ಉಸ್ತಾದ್, ಬಲಗಣ್ಣಿಲೆ ನೋಡ್ರಿ. ಬೆಳಕು ಮುಗಿಯೋ ಜಾಗಾಕ್ಕ ಒಳಗಿನ ಎಳಿ ತಂದು ನಿಲ್ಲಸ್ರಿ."

ಅವರು ಬಗ್ಗಿ ತಿರುಪನ್ನು ತಿರುಗಿಸತೊಡಗಿದರು. ದಪ್ಪ ಗೆರೆಗಳನ್ನು ದಾಟಿದರು. ನಿಲ್ಲಲಿಲ್ಲ. "ಇನ್ನೂ ಐತ್ರಿ" ಎಂದರು. ಮತ್ತೂ ತಿರುಗಿಸಿದರು. "ಇಲ್ಲಿ ಒಂದು ಕರೇ ಗೆರಿ. ಮತ್ತ ಬೆಳಕು. ಮತ್ತ ಒತ್ತೊತ್ತಾಗಿ ಮೂರು ಗೆರಿ."

ನಾನು ನೋಡಿದೆ. ಏನೂ ಇರಲಿಲ್ಲ. ಅವರಿಗೆ ಕಾಗದ ಕೊಟ್ಟು, ಕಂಡ ಗೆರೆಗಳನ್ನು ಅಳತೆ ಸಮೇತ ಬರೆಯಲು ಹೇಳಿದೆ. ಮರುದಿನ ಪೇಟೆಯ ಫೋಟೋಗ್ರಾಫರರಿಂದ ಒಂದು ಪ್ಲೇಟು ತಂದು, ದುರ್ಬೀನಿನ ಜಾಗದಲ್ಲಿ ಅದನ್ನಿಟ್ಟು ಅದೇ ಬಿಸಿಲನ್ನು ಬೀಳಿಸಿದೆವು. ಮನುಷ್ಯರ ಕಣ್ಣಿಗೆ ಕಾಣದ, ನೇರಳೆಯಾಚೆಯ ಬೆಳಕನ್ನೂ ಆ ಪ್ಲೇಟು ಹಿಡಿಯುತ್ತದೆ. ತೊಳೆದು, ಒದ್ದೆಯಿದ್ದಾಗಲೇ ಕಿಟಕಿಗೆ ಹಿಡಿದು, ಉಸ್ತಾದರ ಕಾಗದವನ್ನು ಪಕ್ಕಕ್ಕಿಟ್ಟೆ. ದಪ್ಪ ಗೆರೆ ಎರಡು. ಆಚೆಗೆ ಒಂದು. ಮತ್ತೆ ಒತ್ತೊತ್ತಾಗಿ ಮೂರು. ಅಳತೆಗೆ ಅಳತೆ ಕೂಡಿತು.

ಓಡಿ ಹೋಗಿ ಪ್ರೊಫೆಸರರನ್ನು ಕರೆತಂದೆ. ಅವರು ಪ್ಲೇಟು ನೋಡಿದರು, ಕಾಗದ ನೋಡಿದರು. ಕಣ್ಣಿನ ಮಸೂರವೇ ಆ ಬೆಳಕನ್ನು ತಡೆಯುತ್ತದೆ, ನಮ್ಮೆಲ್ಲರ ಕಣ್ಣಲ್ಲೂ, ಹುಟ್ಟಿದಾಗಿನಿಂದ. ಉಸ್ತಾದರ ಕಣ್ಣಲ್ಲಿ ಈಗ ಆ ತಡೆ ಇಲ್ಲ ಎಂದು ತಮಗೇ ಹೇಳಿಕೊಳ್ಳುವಂತೆ ಹೇಳಿದರು. ಪಟ್ಟಕವನ್ನು ಮತ್ತೆ ಹೊಂದಿಸಲು ಹೇಳಿ, ಚಷ್ಮಾ ತೆಗೆದು ದುರ್ಬೀನಿಗೆ ಕಣ್ಣಿಟ್ಟರು. ಬಹಳ ಹೊತ್ತು ನೋಡಿದರು. ಎದ್ದು ನಿಂತು ಸ್ಟೂಲನ್ನು ಉಸ್ತಾದರ ಕಡೆಗೆ ಸರಿಸಿದರು.

"ನನಗೇನೂ ಕಾಣವಲ್ದು ಉಸ್ತಾದ್. ಕೂಡ್ರಿ. ಅಲ್ಲಿ ಏನದ, ಹೆಂಗದ, ಎಲ್ಲಾ ಹೇಳ್ರಿ."

ಉಸ್ತಾದರು ಒಮ್ಮೆ ನನ್ನನ್ನು ನೋಡಿ, ಕುಳಿತು, ಕೈ ಒರೆಸಿಕೊಂಡು ಬಗ್ಗಿದರು.

"ಹೇಳ್ತೀನ್ರಿ ಸರ್. ನೇರಳಿ ಅಲ್ಲರಿ ಇದು. ನೀಲಿನೂ ಅಲ್ಲ. ಕಂಡೇ ಇಲ್ಲರಿ ನಾ ಇಂಥಾ ಬಣ್ಣ. ಬೂದಿಯೊಳಗ ಬೆಳದಿಂಗಳು ಕಲಸಿದಂಗ ಐತಿ..."

ಅವರು ಹೇಳುತ್ತ ಹೋದರು. ನಾವಿಬ್ಬರೂ ಕತ್ತಲಲ್ಲಿ ನಿಂತು ಕೇಳುತ್ತ ಬರೆದುಕೊಂಡೆವು.